ಬೀಗರು ಬಿಸಿಲೂರಿಗೆ ಬಂದದ್ದು

ರಾಯಚೂರನ್ನು ನೋಡಲೆಂದು ಬಂದವರು ಚರಿತ್ರೆಯಲ್ಲಿ ಕಡಿಮೆ, ಗೆಲ್ಲಲೆಂದು ಬಂದವರೇ ಹೆಚ್ಚು. ಕಾಕತೀಯರು ಬಂದರು, ಬಹಮನಿಗಳು ಬಂದರು, ವಿಜಯನಗರದವರು ಬಂದರು, ಬಿಜಾಪುರದವರು ಬಂದರು, ಕಡೆಗೆ ನಿಜಾಮರು ಬಂದರು. ನಿಜಾಮರ ಬಾಕಿಯ ಲೆಕ್ಕದಲ್ಲಿ ಇಂಗ್ಲಿಷರೂ 1853ರಲ್ಲಿ ಬಂದು ಕೂತು 1860ರಲ್ಲಿ ಎದ್ದುಹೋದರು. ಉತ್ತರಕ್ಕೆ ಕೃಷ್ಣೆ, ದಕ್ಷಿಣಕ್ಕೆ ತುಂಗಭದ್ರೆ, ನಡುವೆ ಕಪ್ಪು ಎರೆಹೊಲ. ಬಡಿದಾಡಲು ಇಷ್ಟು ಸಾಕಾಗಿತ್ತು. ಕೃಷ್ಣದೇವರಾಯನಿಗೂ ಇಸ್ಮಾಯಿಲ್ ಆದಿಲಶಾಹನಿಗೂ ದೊಡ್ಡ ಕಾಳಗ ನಡೆದದ್ದು 1520ರ ಮೇ ತಿಂಗಳಲ್ಲಿ. ಮೇ ತಿಂಗಳು! ಆ ತಿಂಗಳಲ್ಲಿ ನಾವು ಕಿರಾಣಿ ಅಂಗಡಿಗೆ ಹೋಗಬೇಕಾದರೂ ಹೊತ್ತು ಇಳಿಯಲಿ ಅನ್ನುತ್ತೇವೆ. ಆನೆ, ಕುದುರೆ, ಕಾಲಾಳು, ಜತೆಗೆ ಕೋವಿ ಹಿಡಿದ ಪೋರ್ಚುಗೀಸರನ್ನೂ ಕರೆದುಕೊಂಡು ರಾಯ ಆ ಬಿಸಿಲಿನಲ್ಲಿ ಬಂದನೆಂದರೆ ಈ ಊರು ಅವನಿಗೆ ಎಷ್ಟು ಬೇಕಾಗಿತ್ತೋ ನೀವೇ ಊಹಿಸಿ.

ಈಗ ಬರುವವರು ರೈಲಿನಲ್ಲಿ ಬರುತ್ತಾರೆ. ಸ್ಟೇಷನ್ನಿನಿಂದ ಹೊರಗೆ ಕಾಲಿಟ್ಟವರೇ, "ಮಂತ್ರಾಲಯದ ಬಸ್ಸು ಎಲ್ಲಿ ನಿಲ್ತದೆ?" ಎಂದು ಕೇಳುತ್ತಾರೆ. ತೋರಿಸುತ್ತೇವೆ, ಹೋಗುತ್ತಾರೆ. ಮುಂಬಯಿ ಕಡೆಯಿಂದ ಬಂದ ಹಳಿಯೂ ಮದ್ರಾಸಿನ ಕಡೆಯಿಂದ ಬಂದ ಹಳಿಯೂ 1871ರಲ್ಲಿ ಕೂಡಿಕೊಂಡದ್ದು ನಮ್ಮೂರಲ್ಲಿ. ಅಂದಿನಿಂದ ಬಂದವರನ್ನು ಮುಂದಕ್ಕೆ ಕಳಿಸುವುದೇ ನಮ್ಮ ಊರಿನ ಕಸುಬಾಗಿದೆ.

ಹೀಗಿರುವಾಗ ನಮ್ಮ ಬೀಗರು, "ನಿಶ್ಚಿತಾರ್ಥ ಮುಗಿದ ಮೇಲೆ ಉಳಿದುಕೊಂಡು ಊರು ನೋಡಿಕೊಂಡೇ ಹೋಗ್ತೇವೆ" ಎಂದು ಫೋನು ಮಾಡಿದಾಗ ಮನೆಯಲ್ಲಿ ಸಂತೋಷಕ್ಕಿಂತ ಗಾಬರಿಯೇ ಹೆಚ್ಚಾಯಿತು. ಬೀಗರದು ತೀರ್ಥಹಳ್ಳಿ ಕಡೆ. ಅಡಿಕೆ ತೋಟ, ಹಂಚಿನ ಮನೆ, ವರ್ಷದಲ್ಲಿ ಆರು ತಿಂಗಳು ಕೊಡೆ. ಅವರ ಮಗಳೂ ನಮ್ಮ ಮಗನೂ ಬೆಂಗಳೂರಿನಲ್ಲಿ ಒಂದೇ ಆಫೀಸು. ಮಿಕ್ಕದ್ದನ್ನು ಅವರಿಬ್ಬರೇ ನೋಡಿಕೊಂಡಿದ್ದರು, ನಮ್ಮ ಪಾಲಿಗೆ ಉಳಿದದ್ದು ಊಟದ ಏರ್ಪಾಡು. ಬೀಗರು ಹಿಂದಿನ ವರ್ಷ ಗುಂಪು ಕಟ್ಟಿಕೊಂಡು ಬಾಲಿ ದ್ವೀಪಕ್ಕೆ ಹೋಗಿ ಬಂದವರು. ಪ್ರವಾಸದ ಕಂಪನಿಯವರು ಕೊಟ್ಟ ಬಣ್ಣದ ಪುಸ್ತಕದ ಮೇಲೆ 'ಉಷ್ಣವಲಯದ ಸ್ವರ್ಗ' ಎಂದು ಅಚ್ಚಾಗಿತ್ತಂತೆ. ಒಳಗೆ ಸಮುದ್ರ, ತೆಂಗಿನ ಮರ, ಎಳನೀರಿಗೆ ಸಿಕ್ಕಿಸಿದ ಕಾಗದದ ಕೊಡೆ. ಅದನ್ನೆಲ್ಲ ವರ್ಣಿಸಿ, "ನಿಮ್ಮಲ್ಲಿ ನೋಡುವಂಥದ್ದು ಎಂತ ಇದೆ ಮಾರಾಯ್ರೆ?" ಎಂದು ಕೇಳಿದರು.

"ನಮ್ದೂ ಉಷ್ಣವಲಯಾನ ರೀ ಬೀಗರೆ" ಎಂದೆ.

ಭೂಗೋಳದ ಮಾಸ್ತರನಾಗಿ ನಿವೃತ್ತನಾದವನು, ಸುಮ್ಮನೆ ಹೇಳಿದ್ದಲ್ಲ. ರಾಯಚೂರು ಇರುವುದು 16 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ, ಕರ್ಕಾಟಕ ವೃತ್ತ ಇನ್ನೂ ಏಳು ಡಿಗ್ರಿ ಮೇಲೆ. ಮೇ ಮೊದಲ ವಾರದಲ್ಲೊಮ್ಮೆ, ಆಗಸ್ಟಿನಲ್ಲೊಮ್ಮೆ ಸೂರ್ಯ ನಮ್ಮ ನೆತ್ತಿಗೆ ನೆಟ್ಟಗೆ ಬಂದು ನಿಲ್ಲುತ್ತಾನೆ. ಆ ಮಧ್ಯಾಹ್ನ ಲೈಟು ಕಂಬಕ್ಕೂ ನೆರಳಿರುವುದಿಲ್ಲ. ಸ್ವರ್ಗದ ವಿಚಾರ ನಾನು ಹೇಳಲಾರೆ, ಉಷ್ಣಕ್ಕಂತೂ ಕೊರತೆಯಿಲ್ಲ. ಉಷ್ಣವಲಯ ಎಂದರೆ ಸಮುದ್ರ, ತೆಂಗು ಎಂದು ತೀರ್ಮಾನಿಸಿದವರು ಯಾರೋ ಚಳಿದೇಶದವರಿರಬೇಕು. ಜಾಲಿ, ಬೇವು, ಬಂಡೆಗುಡ್ಡ, ಬಿರುಕುಬಿಟ್ಟ ಎರೆಮಣ್ಣು ಇವೂ ಆ ವಲಯದ್ದೇ. ಇವುಗಳ ಬಣ್ಣದ ಪುಸ್ತಕವನ್ನು ಇನ್ನೂ ಯಾರೂ ಅಚ್ಚು ಹಾಕಿಸಿಲ್ಲ, ಅಷ್ಟೆ.

ಬೀಗರು, ಬೀಗಿತಿ ಬಂದಿಳಿದದ್ದು ಏಪ್ರಿಲ್ ಕೊನೆಗೆ. ನಿಶ್ಚಿತಾರ್ಥದ ದಿನ ಗಡಿಬಿಡಿಯಲ್ಲಿ ಅವರಿಗೆ ಬಿಸಿಲು ಗೊತ್ತಾಗಲಿಲ್ಲ. ಮಾರನೆಯ ದಿನ ಹನ್ನೊಂದು ಗಂಟೆಗೆ ಬೀಗರು "ಹೀಗೇ ಒಂದು ಸುತ್ತು ಹೋಗಿ ಬರ್ತೇನೆ" ಎಂದು ಚಪ್ಪಲಿ ಮೆಟ್ಟಿದವರು, ಓಣಿಯ ತಿರುವಿನಲ್ಲಿದ್ದ ಅರವಟಿಗೆಯ ತನಕ ಹೋಗಿ, ಎರಡು ಲೋಟ ನೀರು ಕುಡಿದು ವಾಪಸು ಬಂದರು. ರಾಯಚೂರಿನಲ್ಲಿ ಬಿಸಿಲನ್ನು ಬೈಯುವವರು ಹೊರಗಿನವರು. ಇಲ್ಲಿಯವರು ಅದರ ಜತೆ ಎಂದೋ ಒಪ್ಪಂದ ಮಾಡಿಕೊಂಡಾಗಿದೆ. ಹತ್ತರೊಳಗೆ ಸಂತೆ, ಹೊಲ, ಗುಡಿ. ಮಧ್ಯಾಹ್ನ ಬಾಗಿಲು ಮುಂದೆ ಮಾಡಿ, ಕಿಟಕಿಗೆ ತೋಯಿಸಿದ ಚಾಪೆ ಕಟ್ಟಿ ಒರಗುವುದು. ಸಂಜೆ ಐದಕ್ಕೆ ಊರು ಎರಡನೆಯ ಸಲ ಏಳುತ್ತದೆ. ನಮ್ಮ ಅಜ್ಜಂದಿರ ಮಾಳಿಗೆ ಮನೆಗಳಿಗೆ ಎರಡು ಮೊಳ ದಪ್ಪದ ಗೋಡೆ, ಮೇಲೆ ಮಣ್ಣಿನ ಹಾಸು, ನಡುವೆ ಒಂದು ಬೆಳಕಿಂಡಿ. ಒಳಗೆ ಕತ್ತಲೆ, ಆ ಕತ್ತಲೆಯಲ್ಲಿ ತಂಪು. ಅದನ್ನು ಕೆಡವಿ ನಾವೆಲ್ಲ ಸಿಮೆಂಟಿನ ಮನೆ ಕಟ್ಟಿಸಿಕೊಂಡೆವು. ಹಗಲೆಲ್ಲ ಕುಡಿದ ಬಿಸಿಲನ್ನು ಅದು ರಾತ್ರಿಯಿಡೀ ಕಾರುತ್ತದೆ. ಬೆಂಗಳೂರಿನ ಎ.ಸಿ.ಗಳಿಗೆ ಹೋಗುವ ಕರೆಂಟಿನಲ್ಲಿ ನಮ್ಮ ಶಕ್ತಿನಗರದ ಪಾಲೂ ಇದೆ, ಕೃಷ್ಣೆಯ ದಂಡೆಯಲ್ಲಿ 1985ರಿಂದ ಕಲ್ಲಿದ್ದಲು ಉರಿಯುತ್ತಿದೆ. ನಾವು ಮಾತ್ರ ರಾತ್ರಿ ಎರಡು ಕೊಡ ನೀರು ಚೆಲ್ಲಿ ಮಾಳಿಗೆಯ ಮೇಲೆ ಹಾಸಿಗೆ ಹಾಸುತ್ತೇವೆ. ಬೀಗರಿಗೂ ಅಲ್ಲೇ ಹಾಸಿದೆವು. ಅಡಿಕೆ ಮರಗಳ ಸಂದಿಯಲ್ಲಿ ತುಂಡು ಆಕಾಶ ನೋಡಿ ಬೆಳೆದವರು, ಬಹಳ ಹೊತ್ತು ಮಾತಾಡದೆ ಮಲಗಿದ್ದರು. ಆಮೇಲೆ, "ನಿಮ್ಮಲ್ಲಿ ಆಕಾಶ ಜಾಸ್ತಿ ಇದೆ" ಎಂದರು. ಅವರ ಬಾಯಿಂದ ಬಂದ ಮೊದಲ ಒಳ್ಳೆಯ ಮಾತು ಅದು.

ಬೆಳಿಗ್ಗೆ ಆರೂವರೆಗೆ ಅವರನ್ನು ಎಬ್ಬಿಸಿ ಬಂಡಿಯ ಮುಂದೆ ನಿಲ್ಲಿಸಿದೆ. ವಗ್ಗರಣಿ-ಮಿರ್ಚಿಗೆ ಅದೇ ಹೊತ್ತು. ಹೊರಗಿನವರು ಇದನ್ನು ಸಂಜೆಯ ತಿಂಡಿ ಅಂದುಕೊಂಡಿರುತ್ತಾರೆ. ಇಡ್ಲಿ ತಿನ್ನಬೇಕಾದ ಹೊತ್ತಿನಲ್ಲಿ ಕಾದ ಎಣ್ಣೆಯಿಂದ ಎತ್ತಿದ ಉದ್ದ ಮೆಣಸಿನಕಾಯಿಯನ್ನು ತಿನ್ನುವುದು ನಮ್ಮ ಸೀಮೆಯ ಪದ್ಧತಿ. ಮಂಡಾಳನ್ನು ನೀರಿಗೆ ಹಾಕಿ ತೆಗೆದು ಹಿಂಡಿ, ಉಳ್ಳಾಗಡ್ಡಿ, ಹಸಿಮೆಣಸಿನಕಾಯಿ, ಅರಿಸಿನ, ಹುಳಿ ಬಿದ್ದ ಒಗ್ಗರಣೆಗೆ ಸುರಿದು ಕೈಯಾಡಿಸುತ್ತಾರೆ. ಮೇಲೆ ಪುಟಾಣಿ ಹಿಟ್ಟು ಉದುರಿಸದಿದ್ದರೆ ಅದು ವಗ್ಗರಣಿಯೇ ಅಲ್ಲ. ಪಕ್ಕದಲ್ಲಿ ಎರಡು ಮಿರ್ಚಿ. ಬೀಗಿತಿ ಒಂದು ಕಚ್ಚಿ, ಕಣ್ಣೊರೆಸಿಕೊಂಡು, ಇನ್ನೊಂದು ಕೇಳಿದರು. ಬೀಗರು, "ಇದನ್ನು ತಿಂದು ಈ ಬಿಸಿಲಲ್ಲಿ ಬದುಕುವುದು ಹೇಗೆ?" ಎಂದರು. ಬಂಡಿಯವನು ಜಾಲರಿಯಿಂದ ಎಣ್ಣೆ ಸೋರಿಸುತ್ತ, "ಖಾರ ತಿಂದ್ರ ಬೆವರು ಬರ್ತೈತ್ರಿ ಸಾಹೇಬ್ರ, ಬೆವರು ಬಂದ್ರ ತಂಪ ಆಗ್ತೈತಿ" ಎಂದ. ನಾನು ತರಗತಿಯಲ್ಲಿ ಅರ್ಧ ಗಂಟೆ ಹೇಳುತ್ತಿದ್ದ ಪಾಠ ಅದು.

ಅಲ್ಲಿಂದ ಕೋಟೆ. ನಮ್ಮ ಕೋಟೆಗೆ ಚಿತ್ರದುರ್ಗದ ಎತ್ತರವಿಲ್ಲ, ಬೀದರಿನ ನಾಜೂಕಿಲ್ಲ. ಊರು ಅದನ್ನು ಒಳಗೂ ಹೊರಗೂ ಮುತ್ತಿಕೊಂಡಿದೆ. ನೌರಂಗಿ ದರ್ವಾಜಾ, ಕಾಟೀ ದರ್ವಾಜಾ, ಮೆಕ್ಕಾ ದರ್ವಾಜಾ ಎಂದು ಹೆಸರು ಹೇಳುತ್ತ ಹೋದರೆ ಎದುರಿಗೆ ಒಣಹಾಕಿದ ಬಟ್ಟೆ, ಆಟೋ, ಮೊಹಲ್ಲಾದ ಮಕ್ಕಳ ಕ್ರಿಕೆಟ್ಟು. ಪ್ರವಾಸಿಗೆ ಇದು ಅಡ್ಡಿ ಎನಿಸಬಹುದು. ನನಗೆ ಹಾಗೆ ಅನ್ನಿಸುವುದಿಲ್ಲ, ಕೋಟೆ ಕಟ್ಟಿದ್ದೇ ಜನ ಒಳಗಿರಲಿ ಎಂದು. ಆದರೆ ಒಳಕೋಟೆಯ ಪಶ್ಚಿಮದ ಗೋಡೆಯ ಒಂದು ಕಲ್ಲಿನ ಮುಂದೆ ಮಾತ್ರ ನಾನು ಯಾರನ್ನೂ ಬೇಗ ಬಿಡುವುದಿಲ್ಲ. 41 ಅಡಿಗೂ ಮೀರಿ ಉದ್ದವಿರುವ ಒಂದೇ ಬಂಡೆ, ಮೇಲೆ 1294ರ ಶಾಸನ. ಕಾಕತೀಯರ ಕಾಲದ್ದು. ಇಡೀ ಗೋಡೆಯೇ ಗಾರೆಯಿಲ್ಲದೆ ಕಲ್ಲಿಗೆ ಕಲ್ಲು ಕೂರಿಸಿ ಎಬ್ಬಿಸಿದ್ದು. ಇಷ್ಟುದ್ದದ ಬಂಡೆಯನ್ನು ಇಲ್ಲಿಗೆ ತಂದದ್ದು ಹೇಗೆಂದು ಮುಂದೆ ಯಾರಾದರೂ ಕೇಳುತ್ತಾರೆಂದು ಕಟ್ಟಿದವರಿಗೂ ಗೊತ್ತಿತ್ತು. ಅದಕ್ಕೇ ಕಲ್ಲಿನ ಮೇಲೆ ಚಿತ್ರವನ್ನೇ ಕೊರೆದಿಟ್ಟಿದ್ದಾರೆ. ಕಡ್ಡಿಗಳಿಲ್ಲದ ಗುಂಡು ಗಾಲಿಯ ಬಂಡಿ, ಅದರ ಮೇಲೆ ಬಂಡೆ, ಮುಂದೆ ಕೋಣಗಳ ಉದ್ದನೆಯ ಸಾಲು, ಹೊಡೆಯುವವರು, ಹಿಂದಿನಿಂದ ಮರದ ಸನ್ನೆಗೋಲು ಕೊಟ್ಟು ಗಾಲಿ ನೂಕುವವರು. ರಾಜನ ಚಿತ್ರವಲ್ಲ, ದೇವರ ಚಿತ್ರವಲ್ಲ. ದುಡಿದ ಕೋಣದ ಚಿತ್ರ.

ಆ ಚಿತ್ರ ಚಲಿಸುವುದನ್ನು ನೋಡಬೇಕೆಂದರೆ ಕಾರಹುಣ್ಣಿಮೆಗೆ ಬರಬೇಕು. ಮುನ್ನೂರು ಕಾಪು ಸಮಾಜದವರು ಆಗ ಗಂಜ್ ಮಾರುಕಟ್ಟೆಯಲ್ಲಿ ಮುಂಗಾರು ಹಬ್ಬ ನಡೆಸುತ್ತಾರೆ. ಎತ್ತುಗಳು ಭಾರದ ಕಲ್ಲು ಎಳೆಯುವ ಪಂದ್ಯ. ಒಂದೂವರೆ ಟನ್ನಿನ ಕಲ್ಲು ಒಂದು ದಿನ, ಎರಡು ಟನ್ನಿನದು ಒಂದು ದಿನ, ಎರಡೂವರೆಯದು ಇನ್ನೊಂದು ದಿನ. ಆಂಧ್ರ, ತೆಲಂಗಾಣದಿಂದೆಲ್ಲ ಎತ್ತು ಲಾರಿಯಲ್ಲಿ ಬರುತ್ತವೆ. ಮಳೆ ಬಂದಿರುವುದಿಲ್ಲ, ಬರುತ್ತದೆಂಬ ನಂಬಿಕೆಯ ಮೇಲೆ ಹಬ್ಬ. ಏಳುನೂರು ವರ್ಷದ ಹಿಂದಿನ ಕೆಲಸ ಈಗ ಆಟವಾಗಿದೆ ಎಂದು ಬೀಗರಿಗೆ ಹೇಳಿದೆ. ಅವರು ಕಲ್ಲನ್ನು ಮುಟ್ಟಲು ಹೋಗಿ ಕೈ ಎಳೆದುಕೊಂಡರು. ಎಂಟೂವರೆಗೇ ಅದು ಕಾದಿತ್ತು.

ಏಕ್ ಮಿನಾರ್ ಮಸೀದಿಯನ್ನು ದಾರಿಯಲ್ಲೇ ತೋರಿಸಿದೆ. 1513ರದು. ಹೈದರಾಬಾದಿನ ಚಾರ್‌ಮಿನಾರಿಗಿಂತ ಮುಕ್ಕಾಲು ಶತಮಾನ ಹಿರಿಯದು, ಆದರೆ ಮಿನಾರು ಒಂದೇ ಆದ್ದರಿಂದ ಹೆಸರೂ ನಾಲ್ಕರಲ್ಲೊಂದು ಪಾಲು. ಬೀಗಿತಿಗೆ ಮಸೀದಿಗಿಂತ ತೀನ್ ಕಂದೀಲ್ ವೃತ್ತದ ಅಂಗಡಿಗಳು ಹಿಡಿಸಿದವು. ಅಲ್ಲಿ ಒಬ್ಬನೇ ವ್ಯಾಪಾರಿ ಒಬ್ಬರಿಗೆ ಕನ್ನಡದಲ್ಲಿ ದರ ಹೇಳಿ, ಇನ್ನೊಬ್ಬರ ಜತೆ ಉರ್ದುವಿನಲ್ಲಿ ಚೌಕಾಸಿ ಮಾಡಿ, ಮೂರನೆಯವರಿಗೆ ತೆಲುಗಿನಲ್ಲಿ ಚಿಲ್ಲರೆ ಕೊಡುತ್ತಿದ್ದ. ಕನ್ನಡದಲ್ಲಿ ಗಜಲ್ ಬೇರು ಬಿಟ್ಟದ್ದು ಇಂಥ ಊರಿನ ಶಾಂತರಸರಿಂದ ಎಂದರೆ ಆಶ್ಚರ್ಯವೇನಿಲ್ಲ. ಸಂಜೆ ಪಂಜೆ ಮಂಗೇಶರಾಯರ ನೆನಪೂ ಬಂತು. 1934ರಲ್ಲಿ ಇಲ್ಲಿ ಸಾಹಿತ್ಯ ಸಮ್ಮೇಳನ ನಡೆದಾಗ ಅಧ್ಯಕ್ಷರಾಗಿ ಬಂದವರು ಅವರು. ಕಡಲ ಗಾಳಿಯ ಮೇಲೆ ಪದ್ಯ ಬರೆದ ಮನುಷ್ಯನಿಗೆ ನಮ್ಮ ಗಾಳಿ ಏನೆನಿಸಿತೋ!

ಮಾನ್ವಿ ನನ್ನ ಹುಟ್ಟೂರು. ಅಲ್ಲಿ ಅಣ್ಣನ ಮನೆ. ರಾಯಚೂರಿನಿಂದ ಹೊರಟು ಕಲ್ಲೂರು ದಾಟುವವರೆಗೆ ಎರೆಹೊಲ, ಅಲ್ಲಲ್ಲಿ ಯಾರೋ ಪೇರಿಸಿಟ್ಟರೇನೋ ಎನಿಸುವ ಬಂಡೆಗುಡ್ಡ. ನೀರಮಾನ್ವಿಯ ಗುಡ್ಡ ಹಿಂದೆ ಬಿದ್ದ ಮೇಲೆ ನೋಟ ಬದಲಾಗುತ್ತದೆ. ಕಾಲುವೆ, ಗದ್ದೆ, ಬದುವಿನ ಮೇಲೆ ತೆಂಗು, ಅಕ್ಕಿ ಗಿರಣಿಗಳ ಚಿಮಣಿ. ಬೀಗರು ಕಿಟಕಿ ಇಳಿಸಿ, "ಇದೇನು, ನಮ್ಮೂರೇ ಬಂತಲ್ಲ!" ಎಂದರು.

"ಊರಲ್ಲ, ನಿಮ್ಮೂರಿನ ನೀರು ಬಂದೈತ್ರಿ" ಎಂದೆ.

ಅವರ ತಾಲೂಕಿನ ಆಗುಂಬೆಯಲ್ಲಿ ವರ್ಷಕ್ಕೆ ಏಳು ಸಾವಿರ ಮಿಲಿಮೀಟರಿಗೂ ಮೇಲೆ ಮಳೆ, ನಮ್ಮಲ್ಲಿ ಆರುನೂರರ ಆಸುಪಾಸು. ಅವರ ಮನೆಯ ಹಿಂದಿನ ಹಳ್ಳ ತುಂಗೆಗೆ ಸೇರುತ್ತದೆ, ತುಂಗೆ ಕೂಡಲಿಯಲ್ಲಿ ಭದ್ರೆಯನ್ನು ಕೂಡುತ್ತದೆ, ಹೊಸಪೇಟೆಯ ಹತ್ತಿರ ಅಣೆಕಟ್ಟಿನಲ್ಲಿ ನಿಲ್ಲುತ್ತದೆ, ಎಡದಂಡೆ ಕಾಲುವೆ ಹಿಡಿದು ಗಂಗಾವತಿ, ಸಿಂಧನೂರು ದಾಟಿ ಮಾನ್ವಿಗೆ ಬರುತ್ತದೆ. ಅಲ್ಲಿ ಕೊಡೆ ಹಿಡಿದು ಶಪಿಸುವ ಮಳೆ ಇಲ್ಲಿ ಸೋನಾ ಮಸೂರಿ ಆಗುತ್ತದೆ. ಬೀಗತನವೆಂದರೆ ಇದಕ್ಕಿಂತ ಹಳೆಯದು ಬೇರೆ ಬೇಕೆ? ಮಕ್ಕಳಿಬ್ಬರೂ ತಾವೇ ಮೊದಲೆಂದು ತಿಳಿದಿದ್ದಾರೆ.

ಆದರೆ ಮಾನ್ವಿ ಕಾಲುವೆಯ ಬಾಲದ ಕಡೆ. ಮೇಲಿನವರು ಎತ್ತಿಕೊಂಡು ಮಿಕ್ಕಿದ್ದು ನಮಗೆ. ಕೊನೆಭಾಗದ ರೈತರ ಧರಣಿ ನಮ್ಮಲ್ಲಿ ಯುಗಾದಿ, ದೀಪಾವಳಿಯಷ್ಟೇ ತಪ್ಪದೆ ಬರುತ್ತದೆ. 2024ರ ಆಗಸ್ಟಿನಲ್ಲಿ ಅಣೆಕಟ್ಟಿನ 19ನೆಯ ಗೇಟು ಕೊಚ್ಚಿಹೋದ ಸುದ್ದಿ ಬಂದ ರಾತ್ರಿ ಅಣ್ಣ ಮಲಗಲಿಲ್ಲ. ನೀರು ಬಂದದ್ದರಿಂದ ಮಾನ್ವಿಗೆ ದುಡ್ಡು ಬಂತು, ಕರಾವಳಿ ಆಂಧ್ರದಿಂದ ಒಕ್ಕಲು ಮಾಡಲು ಜನ ಬಂದರು, ಅವರ ಕ್ಯಾಂಪುಗಳು ಊರಾದವು, ಆವಕಾಯಿ ನಮ್ಮ ಜಾಡಿಗಳಿಗೂ ಬಂತು. ಜೋಳ ಹೋಯಿತು. ಈಗ ಮಾನ್ವಿಯ ಗದ್ದೆಯವರು ಜೋಳವನ್ನು ಅಂಗಡಿಯಿಂದ ತರುತ್ತಾರೆ. ಅತಿನೀರು ಕುಡಿದು ಉಪ್ಪೆದ್ದು ಬಿಳುಪಾದ ಹೊಲಗಳೂ ದಾರಿಯಲ್ಲಿ ಕಾಣುತ್ತವೆ. ಎರೆಮಣ್ಣು ಜೋಳಕ್ಕೆ ಹೇಳಿಮಾಡಿಸಿದ್ದು. ಮಳೆ ನಿಂತ ಮೇಲೆ ಬಿತ್ತಿದರೂ ಮಣ್ಣು ಹಿಡಿದಿಟ್ಟ ಹಸಿಯನ್ನೇ ಕುಡಿದು, ಚಳಿಗಾಲದ ಇಬ್ಬನಿಯಲ್ಲಿ ತೆನೆಗಟ್ಟುವ ಪೈರು ಅದು. ಅದರ ಕಾಲಡಿ ಕಾಲುವೆ ಹರಿಸಿದ್ದು ಸರಿಯೋ ತಪ್ಪೋ ಎಂದು ಅಣ್ಣನನ್ನು ಕೇಳಿದರೆ ಬೈಯುತ್ತಾನೆ. ಹಸಿದ ವರ್ಷಗಳನ್ನು ಕಂಡವನು ಅವನು, ನಾನು ಸಂಬಳದವನು.

ಅಣ್ಣನ ಮನೆಯಲ್ಲಿ ವೈನಿ ಒಲೆಯ ಮುಂದೆ ಕೂತಿದ್ದರು. ಜೋಳದ ಹಿಟ್ಟಿಗೆ ಗೋದಿಯ ಜಿಗುಟಿಲ್ಲ. ಕುದಿನೀರು ಹಾಕಿ ನಾದಿ, ಅಂಗೈಯಿಂದ ಬಡಿದು ಬಡಿದೇ ಅದನ್ನು ಒಂದಾಗಿಸಬೇಕು. ಆ ಟಪಟಪ ಸದ್ದಿನಿಂದಲೇ ಯಾರ ಮನೆಯಲ್ಲಿ ಯಾರು ರೊಟ್ಟಿ ಮಾಡುತ್ತಿದ್ದಾರೆಂದು ಓಣಿಯವರು ಹೇಳಬಲ್ಲರು. ತಾಟಿನಲ್ಲಿ ಪುಂಡಿ ಪಲ್ಯ, ಎಣ್ಣೆಗಾಯಿ, ಮಡಕಿಕಾಳು, ಶೇಂಗಾ ಹಿಂಡಿ, ಗುರೆಳ್ಳು ಹಿಂಡಿ, ಕೆಂಪು ಖಾರ, ಗಟ್ಟಿ ಮೊಸರು, ಹಸಿ ಉಳ್ಳಾಗಡ್ಡಿ, ಎಳೆಯ ಮೆಂತ್ಯೆ ಸೊಪ್ಪು. ಪುಂಡಿ ಸೊಪ್ಪಿನ ಹುಳಿಗೆ ಜೋಳದ ನುಚ್ಚು, ಬೇಳೆ ಸೇರಿ ಬೆಂದು, ಬೆಳ್ಳುಳ್ಳಿಯ ಒಗ್ಗರಣೆ ಬಿದ್ದರೆ ಅದಕ್ಕೆ ಸಮನಾದ ಪಲ್ಯವನ್ನು ನಾನಿನ್ನೂ ಉಂಡಿಲ್ಲ. ನನ್ನದು ಪಕ್ಷಪಾತವಿರಬಹುದು, ಇರಲಿ.

ಮೂರು ಹೊತ್ತೂ ಅನ್ನ ಉಣ್ಣುವ ಬೀಗರು ತಾಟು ನೋಡಿ, "ಹೊಟ್ಟೆ ಯಾಕೋ ಸರಿ ಇಲ್ಲ. ನನಗೆ ಒಂದು ಹಿಡಿ ಮೊಸರನ್ನ ಸಾಕು" ಎಂದುಬಿಟ್ಟರು.

ವೈನಿ ಕೈ ನಿಲ್ಲಿಸಿದರು. "ಯಪ್ಪಾ, ಈ ಊರಾಗ ಕುಂತು ಆ ಮಾತು ಆಡಬ್ಯಾಡ್ರಿ. ಹಿಂದ ಒಬ್ರು ಆಡಿ ಬಾಳ ಕಷ್ಟ ಪಟ್ಟಾರ."

ಆ ಕತೆ ಮಾನ್ವಿಯ ಮಕ್ಕಳಿಗೂ ಗೊತ್ತು. ಹದಿನೆಂಟನೆಯ ಶತಮಾನದಲ್ಲಿ ಇಲ್ಲಿ ಶ್ರೀನಿವಾಸಾಚಾರ್ಯರೆಂಬ ಪಂಡಿತರಿದ್ದರು, ಇದೇ ಸೀಮೆಯ ಬ್ಯಾಗವಾಟದಲ್ಲಿ ಹುಟ್ಟಿದವರು. ಸಂಸ್ಕೃತದಲ್ಲಿ ದೊಡ್ಡ ಹೆಸರು, ಕನ್ನಡದಲ್ಲಿ ಹಾಡಿಕೊಂಡು ತಿರುಗುವ ದಾಸರೆಂದರೆ ತಾತ್ಸಾರ. ತುಂಗಭದ್ರೆಯ ದಂಡೆಯ ಚೀಕಲಪರ್ವಿಯ ವಿಜಯದಾಸರು ಊಟಕ್ಕೆ ಕರೆದಾಗ ಹೊಟ್ಟೆನೋವೆಂದು ಹೇಳಿ ತಪ್ಪಿಸಿಕೊಂಡರಂತೆ. ಆಡಿದ್ದು ನಿಜವೇ ಆಯಿತು, ನೋವು ಹಿಡಿದದ್ದು ಬಿಡಲಿಲ್ಲ. ಮದ್ದು, ಮಂತ್ರ, ಮಂತ್ರಾಲಯದ ಸೇವೆ ಎಲ್ಲ ಆಗಿ ಕಡೆಗೆ ವಿಜಯದಾಸರ ಪಾದಕ್ಕೇ ಬಂದರು. ಅವರು ಶಿಷ್ಯರಾದ ಗೋಪಾಲದಾಸರ ಬಳಿಗೆ ಕಳಿಸಿದರು. ಗೋಪಾಲದಾಸರು ದೇವದುರ್ಗ ತಾಲೂಕಿನ ಮೊಸರುಕಲ್ಲಿನವರು. ಅವರು ತಮ್ಮ ಆಯುಷ್ಯದಲ್ಲಿ ನಲವತ್ತು ವರ್ಷ ಧಾರೆಯೆರೆದು, ಜೋಳದ ರೊಟ್ಟಿ ಕೊಟ್ಟು ಉಣ್ಣಿಸಿದರು, ನೋವು ಬಿಟ್ಟಿತು ಎಂದು ಹೇಳುತ್ತಾರೆ. ಆ ಪಂಡಿತರೇ ಮುಂದೆ ಜಗನ್ನಾಥದಾಸರಾಗಿ ಇದೇ ಮಾನ್ವಿಯಲ್ಲಿ ಬಾಳಿದರು, ಭಾಮಿನಿ ಷಟ್ಪದಿಯಲ್ಲಿ ಹರಿಕಥಾಮೃತಸಾರ ಬರೆದರು. ಆಯುಷ್ಯ ಕೊಟ್ಟ ಭಾಗವನ್ನು ಭಕ್ತರಿಗೆ ಬಿಡುತ್ತೇನೆ. ರೊಟ್ಟಿಯ ಭಾಗದ ಬಗ್ಗೆ ಮಾತ್ರ ನನಗೆ ಸಂಶಯವಿಲ್ಲ. ಮುಪ್ಪಿನಲ್ಲೂ ನಮ್ಮ ಕಡೆಯವರ ಹೊಟ್ಟೆ ತಡೆಯುವುದು ಜೋಳವನ್ನೇ.

ಬೀಗರು ಮಾತಿಲ್ಲದೆ ಕೈ ತೊಳೆದು ಬಂದು ಕೂತರು. ಒಂದು ರೊಟ್ಟಿ ಮುರಿದರು, ಇನ್ನೊಂದನ್ನು ವೈನಿಯೇ ಹಾಕಿದರು, ಮೂರನೆಯದನ್ನು ಅವರಾಗಿಯೇ ಕೇಳಿದರು. "ಬಾಲಿಯಲ್ಲಿ ಇಷ್ಟು ರುಚಿ ಇರಲಿಲ್ಲ" ಎಂದರು. ಅಲ್ಲಿ ಯಾರೂ ಅವರಿಗೆ ಹೆದರಿಸಿ ಬಡಿಸಿರಲಿಕ್ಕಿಲ್ಲ.

ದೇವದುರ್ಗ ನಮ್ಮಾಕೆಯ ತವರು. ಆ ದಾರಿಯ ಹೊಣೆ ಅವಳದು, ನಾನು ಬಾಯಿ ಹಾಕುವಂತಿಲ್ಲ. ಗಬ್ಬೂರಿನಲ್ಲಿ ಇಳಿಸಿದಳು. ಇಷ್ಟು ಚಿಕ್ಕ ಊರಿನಲ್ಲಿ ಇಷ್ಟೊಂದು ಹಳೆಯ ಗುಡಿ, ಶಾಸನಗಳಿರುವುದನ್ನು ಬೀಗರು ನಂಬಲಿಲ್ಲ. ಕಲ್ಯಾಣದ ಚಾಲುಕ್ಯರ ಕಾಲದಲ್ಲಿ ಇದು ವಿದ್ಯೆಯ ಊರು. ಈಗ ಒಂದು ಗುಡಿಯ ಕಂಬಕ್ಕೆ ಎಮ್ಮೆ ಕಟ್ಟಿತ್ತು, ಇನ್ನೊಂದರ ಕಟ್ಟೆಯ ಮೇಲೆ ಮುದುಕರು ಹುಲಿ-ಕುರಿ ಆಟ ಆಡುತ್ತಿದ್ದರು. ಹಂಪಿಯ ಒಂದು ಬೋರ್ಡಿಗೆ ಆಗುವ ಖರ್ಚಿನಲ್ಲಿ ಇಲ್ಲಿ ನಾಲ್ಕು ಗುಡಿಯ ಮೇಲಿನ ಹುಲ್ಲು ಕೀಳಿಸಬಹುದು.

ಕೊಪ್ಪರದಲ್ಲಿ ಕೃಷ್ಣೆ ಸಿಕ್ಕಳು. ಅರಳಿಮರದಲ್ಲಿ ನೆಲೆಸಿದ ನರಸಿಂಹನ ಕ್ಷೇತ್ರ ಅದು. ಏಪ್ರಿಲ್‌ನ ಕೃಷ್ಣೆಯಲ್ಲಿ ನೀರಿಗಿಂತ ಕಲ್ಲು ಜಾಸ್ತಿ. ಮಳೆಗಾಲದಲ್ಲಿ ಮಹಾರಾಷ್ಟ್ರದ ಘಟ್ಟದ ನೀರು ನಾರಾಯಣಪುರದಿಂದ ಬಿಟ್ಟಾಗ ಇದೇ ಹೊಳೆ ಹೊಲ ನುಂಗುತ್ತದೆ. ಬೀಗಿತಿ ಪಾದ ಅದ್ದಿ, "ಬಿಸಿ ಇದೆಯಲ್ಲ!" ಎಂದು ಹಿಂದೆ ಸರಿದರು. ತುಂಗೆಯಲ್ಲಿ ಮಿಂದವರಿಗೆ ಹೊಳೆ ಬಿಸಿಯಾಗಬಹುದೆಂಬುದೇ ಹೊಸ ಸುದ್ದಿ. ಇದೇ ಹೊಳೆಯ ಮೇಲ್ಭಾಗದಲ್ಲಿ, ಆಚೆ ದಂಡೆಯಲ್ಲಿ ತಿಂಥಣಿ ಮೌನೇಶ್ವರ. ಅಲ್ಲಿ ಹಿಂದೂಗಳೂ ಮುಸಲ್ಮಾನರೂ ಒಂದೇ ಗದ್ದುಗೆಗೆ ಕೈಮುಗಿಯುತ್ತಾರೆ. ನಮ್ಮ ಕಡೆ ಮೊಹರಂ ಬಂದರೆ ಹಳ್ಳಿಗಳಲ್ಲಿ ಅಲಾಯಿ ಕುಣಿ ತೋಡುವವರಲ್ಲಿ, ಕುಣಿಯುವವರಲ್ಲಿ ಹಿಂದೂಗಳೇ ಬಹಳ. ನಮ್ಮಾಕೆಯ ಅಪ್ಪ ಆ ದಿನಗಳಲ್ಲಿ ಚೊಂಗೆ ಮಾಡಿಸಿ ಓಣಿಗೆ ಹಂಚುತ್ತಿದ್ದರು. ಬೀಗರು ಇದರ ಕಾರಣ ಕೇಳಿದರು. "ಕಾರಣ ಯಾರೂ ಕೇಳಿಲ್ರಿ, ಅದಕ್ಕ ನಡದೈತಿ" ಎಂದಳು ನಮ್ಮಾಕೆ.

ದೇವದುರ್ಗ ಊರು ಸೇರುವಾಗ ಸಂಜೆ. ಬೇಡ ನಾಯಕರ ಕೋಟೆಯ ಗೋಡೆ ತೋರಿಸಬೇಕೆಂದಿದ್ದೆವು. ಬೀಗರ ಕಣ್ಣು ಬಸ್ ನಿಲ್ದಾಣದ ಮೇಲೆ ಬಿತ್ತು. ಬೆಂಗಳೂರಿನ ರಾತ್ರಿ ಬಸ್ಸಿಗೆ ಜನ ಮುಗಿಬಿದ್ದಿದ್ದರು. ಗಂಡ, ಹೆಂಡತಿ, ಕಂಕುಳಲ್ಲಿ ಕೂಸು, ಗುದ್ದಲಿ, ಬುಟ್ಟಿ, ಕೊಡ, ಒಂದು ಚೀಲ ಜೋಳದ ಹಿಟ್ಟು, ಬಟ್ಟೆಯಲ್ಲಿ ಕಟ್ಟಿದ ಖಡಕ್ ರೊಟ್ಟಿ. "ಇವರೆಲ್ಲ ಎಲ್ಲಿಗೆ ಟೂರು?" ಎಂದು ಬೀಗಿತಿ ನಗುತ್ತ ಕೇಳಿದರು.

"ಗುಳೆ ಹೊಂಟಾರ್ರೀ" ಎಂದಳು ನಮ್ಮಾಕೆ. ಕಟ್ಟಡದ ಕೆಲಸಕ್ಕೆ. ನಮ್ಮ ಮಕ್ಕಳಿಬ್ಬರೂ ಕೂರುವಂಥ ಗಾಜಿನ ಆಫೀಸುಗಳ ಕಾಂಕ್ರೀಟು ಹೊತ್ತವರಲ್ಲಿ ದೇವದುರ್ಗದವರಿದ್ದಾರೆ. ನಂಜುಂಡಪ್ಪ ಸಮಿತಿ 2002ರಲ್ಲಿ ಕೊಟ್ಟ ವರದಿಯಲ್ಲಿ ದೇವದುರ್ಗ ರಾಜ್ಯದ ಅತ್ಯಂತ ಹಿಂದುಳಿದ ತಾಲೂಕುಗಳ ಸಾಲಿನಲ್ಲಿತ್ತು. ಆಮೇಲೆ ನಾರಾಯಣಪುರ ಬಲದಂಡೆ ಕಾಲುವೆಯ ನೀರು ಹಲವು ಹಳ್ಳಿಗಳಿಗೆ ಹರಿಯಿತು, ಈ ಸೀಮೆಗೆ ವಿಶೇಷ ಸ್ಥಾನ ಕೊಡುವ 371(ಜೆ) ವಿಧಿ ಸಂವಿಧಾನಕ್ಕೆ ಸೇರಿತು, 2019ರಲ್ಲಿ ಹೈದರಾಬಾದ್ ಕರ್ನಾಟಕಕ್ಕೆ ಕಲ್ಯಾಣ ಕರ್ನಾಟಕವೆಂದು ಹೆಸರೂ ಬಂತು. ಬಸ್ಸು ಮಾತ್ರ ಹಾಗೆಯೇ ತುಂಬುತ್ತದೆ. ಬೆಂಗಳೂರಿಗೆ ಹೊರಟವರು ಅಲ್ಲಿ ಏನನ್ನೂ ನೋಡುವುದಿಲ್ಲ. ಶೆಡ್ಡು, ಕೆಲಸ, ಶನಿವಾರದ ಬಟವಾಡೆ, ಮತ್ತೆ ಶೆಡ್ಡು. ರೊಟ್ಟಿ ತಿಂಗಳುಗಟ್ಟಲೆ ಕೆಡುವುದಿಲ್ಲವೆಂದು ನಾವು ಹೆಮ್ಮೆಪಡುತ್ತೇವೆ. ಕೆಡದ ರೊಟ್ಟಿ ಬೇಕಾಗುವುದು ದೂರ ಹೋಗುವವರಿಗೆ ಎಂಬುದನ್ನು ಮರೆತಿರುತ್ತೇವೆ. ಬೀಗಿತಿ ಕೋಟೆ ನೋಡಲು ಬರಲಿಲ್ಲ, ಆ ಕೂಸಿಗೆ ಬಿಸ್ಕೀಟು ಕೊಡಿಸುತ್ತ ನಿಂತುಬಿಟ್ಟರು. ನಾವೂ ಒತ್ತಾಯ ಮಾಡಲಿಲ್ಲ.

ಊರಿಗೆ ಹೋದ ಮೇಲೆ ಬೀಗರು ಫೋನು ಮಾಡಿ, ಮೊದಲ ಮಳೆ ಬಂತೆಂದು ತಿಳಿಸಿದರು. "ಕಳಿಸ್ತಾ ಇದ್ದೇವೆ ಮಾರಾಯ್ರೆ, ಆಗಸ್ಟಿನಲ್ಲಿ ನಿಮ್ಮ ಅಣ್ಣನ ಗದ್ದೆಗೆ ಮುಟ್ಟಬಹುದು" ಎಂದರು. ಬೀಗಿತಿಗೆ ಶೇಂಗಾ ಹಿಂಡಿ ಮುಗಿದಿತ್ತು.

ಓದುವವರಲ್ಲಿ ಯಾರಿಗಾದರೂ ಬರುವ ಮನಸ್ಸಿದ್ದರೆ ಎಳ್ಳಮಾವಾಸ್ಯೆಯ ಸುತ್ತಮುತ್ತ ಬನ್ನಿ. ಡಿಸೆಂಬರ್, ಜನವರಿಯಲ್ಲಿ ಬೀಳುತ್ತದೆ. ಕಾಲುವೆ ಮುಟ್ಟದ ಹೊಲಗಳಲ್ಲಿ ಆಗ ಜೋಳ ಆಳೆತ್ತರ ನಿಂತಿರುತ್ತದೆ, ಹತ್ತಿ ಬಿಡಿಸುತ್ತಿರುತ್ತಾರೆ, ಬಿಸಿಲಿಗೂ ಮರ್ಯಾದೆ ಇರುತ್ತದೆ. ಮನೆಮಂದಿಯೆಲ್ಲ ಬಂಡಿ ಕಟ್ಟಿಕೊಂಡೋ ಟ್ರ್ಯಾಕ್ಟರ್ ಹತ್ತಿಯೋ ಹೊಲಕ್ಕೆ ಹೋಗಿ ಚರಗ ಚೆಲ್ಲಿ, ಅಲ್ಲೇ ಕೂತು ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ ಉಣ್ಣುತ್ತಾರೆ. ದಾರಿಯಲ್ಲಿ ಹೋಗುವವರನ್ನು ಕೂಗಿ ಕರೆಯುತ್ತಾರೆ, ಯಾರು ಏನು ಎಂದು ಕೇಳುವುದು ಉಂಡಾದ ಮೇಲೆ. ಏಪ್ರಿಲ್, ಮೇ ತಿಂಗಳಲ್ಲೇ ಬರಬೇಕಾಗಿ ಬಂದರೆ ಕೋಟೆಯನ್ನು ಒಂಬತ್ತರೊಳಗೆ ನೋಡಿ ಮುಗಿಸಿ. ಮಾನ್ವಿಯಲ್ಲಿ ಖಾನಾವಳಿ ಊಟಕ್ಕೆ ಒಂದು ಗಂಟೆಗೆ ಮೊದಲೇ ಹೋಗಿ, ಆಮೇಲೆ ಬಿಸಿ ರೊಟ್ಟಿ ಸಿಗುವುದಿಲ್ಲ. ಗಬ್ಬೂರಿಗೆ ಹೋದರೆ ಶಾಸನದ ಕಲ್ಲಿಗೆ ಒರಗಿ ಫೋಟೋ ತೆಗೆಸಿಕೊಳ್ಳಬೇಡಿ, ಅಕ್ಷರ ಈಗಾಗಲೇ ಸವೆದಿವೆ.